ಸಿನಿಮಾ ಊರಿಗೆ ಬರ್ಲಿಲ್ಲ, ಫೋನಿಗೆ ಬಂತು

ಮೊನ್ನೆ ಶನಿವಾರ ರಾತ್ರಿ ನಮ್ಮ ಕುಟುಂಬದ ವಾಟ್ಸಾಪ್ ಗ್ರೂಪಿಗೆ ಒಂದು ಟೆಲಿಗ್ರಾಂ ಲಿಂಕ್ ಬಂತು, ಹಿಂದಿನ ದಿನ ರಿಲೀಸ್ ಆದ ತುಳು ಸಿನಿಮಾದ್ದು. ಕಳಿಸಿದ್ದು ನನ್ನ ಮಾವನ ಮಗ. ಥಿಯೇಟರ್ ಪ್ರಿಂಟ್, ಸೌಂಡ್ ಕ್ಲಿಯರ್ ಉಂಟು ಅಂತ ಬೇರೆ ಬರ್ದಿದ್ದ. ಡಿಲೀಟ್ ಮಾಡು ಮಾರಾಯ ಅಂದೆ. "ಹಾಗಾದ್ರೆ ಬದಿಯಡ್ಕದಲ್ಲಿ ಎಲ್ಲಿ ನೋಡುದು, ನೀನೇ ಹೇಳು" ಅಂತ ಕೇಳಿದ.

ಅವ ಕೇಳಿದ್ದು ತಪ್ಪಲ್ಲ. ನಮ್ಮ ಬದಿಯಡ್ಕ ಇರುದು ಕಾಸರಗೋಡು ಜಿಲ್ಲೆಯಲ್ಲಿ. 1956ರಲ್ಲಿ ಕಾಸರಗೋಡು ಕೇರಳಕ್ಕೆ ಸೇರಿದ ಮೇಲೆ ನಮ್ಮ ಭಾಷೆಯ ಸಿನಿಮಾಕ್ಕೂ ನಾವು ಹೊರಗಿನವರ ಹಾಗೆ, ಇಲ್ಲಿಯ ಥಿಯೇಟರ್‌ಗಳಲ್ಲಿ ಹೆಚ್ಚಾಗಿ ಮಲಯಾಳಂ ಸಿನಿಮಾ. ಕನ್ನಡ, ತುಳು ನೋಡ್ಬೇಕಾದ್ರೆ ಹೆಚ್ಚಿನ ಸಲ ಗಡಿಯ ತಲಪಾಡಿ ದಾಟಿ ಮಂಗಳೂರಿಗೇ ಹೋಗ್ಬೇಕು. ಮನೆಯವರೆಲ್ಲ ಹೊರಟ್ರೆ ಬಸ್ಸಿಗೆ, ಟಿಕೆಟಿಗೆ, ಊಟಕ್ಕೆ ಅಂತ ಒಂದು ದಿನದ ಸಂಬಳ ಖಾಲಿ.

ಆದ್ರೆ ತುಳು ಸಿನಿಮಾದ ಮಾರ್ಕೆಟ್ ಎಷ್ಟು ದೊಡ್ಡದು? ದಕ್ಷಿಣ ಕನ್ನಡ, ಉಡುಪಿ, ನಮ್ಮ ಕಾಸರಗೋಡು, ಮತ್ತೆ ಮುಂಬೈ, ಗಲ್ಫಲ್ಲಿ ಕೆಲವು ಶೋ. ದೊಡ್ಡ ಸಿನಿಮಾದವರಿಗೆ ಡಬ್ಬಿಂಗ್, ಟಿವಿ, ಓಟಿಟಿ ಅಂತ ಬೇರೆ ದಾರಿ ಉಂಟು, ಇವರಿಗೆ ಹಾಕಿದ ದುಡ್ಡು ಹೆಚ್ಚಿನಂಶ ಟಿಕೆಟಿಂದಲೇ ವಾಪಸ್ ಬರ್ಬೇಕು, ಅದೂ ಮೊದಲ ಎರಡು ಮೂರು ವಾರದಲ್ಲಿ. ಅಂಥ ಸಿನಿಮಾದ ಲಿಂಕ್ ಎರಡನೇ ದಿನವೇ ಮನೆಮನೆಗೆ ಬಂದ್ರೆ ಆ ನಿರ್ಮಾಪಕ ಇನ್ನೊಂದು ಸಿನಿಮಾಕ್ಕೆ ಎಲ್ಲಿಂದ ದುಡ್ಡು ತರುದು?

ಕಾನೂನು ಇಲ್ಲ ಅಂತಲ್ಲ. ಸಿನಿಮಾಟೋಗ್ರಾಫ್ ಕಾಯ್ದೆಗೆ 2023ರಲ್ಲಿ ತಿದ್ದುಪಡಿ ಆಗಿ, ಥಿಯೇಟರಲ್ಲಿ ಕದ್ದು ರೆಕಾರ್ಡ್ ಮಾಡಿದವರಿಗೆ 3 ತಿಂಗಳಿಂದ 3 ವರ್ಷದವರೆಗೆ ಜೈಲು, ಕಡಿಮೆ ಅಂದ್ರೂ 3 ಲಕ್ಷ ದಂಡ, ಅದು ನಿರ್ಮಾಣ ವೆಚ್ಚದ ಶೇ. 5ರವರೆಗೂ ಹೋಗ್ಬಹುದು. ಡಿಜಿಟಲ್ ಪ್ರೊಜೆಕ್ಷನಲ್ಲಿ ಕಣ್ಣಿಗೆ ಕಾಣದ ವಾಟರ್‌ಮಾರ್ಕ್ ಇರ್ತದೆ, ಯಾವ ಥಿಯೇಟರಲ್ಲಿ ಎಷ್ಟು ಗಂಟೆಗೆ ಕದ್ದದ್ದು ಅಂತ ಅದ್ರಿಂದ ಹಿಡೀಬಹುದು. ಆದ್ರೂ ಕದ್ದ ಸಿನಿಮಾ ಹಾಕುವ ಒಂದು ಸೈಟ್ ಮುಚ್ಚಿದ್ರೆ ಅದೇ ಹೆಸರಲ್ಲಿ ಇನ್ನೊಂದು ತೆರೀತದೆ.

ನನಗೆ ಜಾಸ್ತಿ ಬೇಸರ ಆಗುದು ಬೇರೆ ವಿಷಯಕ್ಕೆ. ಫೋನಲ್ಲಿ ನೋಡಿದ ನಾವು ಯಾರ ಲೆಕ್ಕಕ್ಕೂ ಸಿಗುದಿಲ್ಲ. ವಿತರಕರು ನೋಡುದು ಟಿಕೆಟ್ ಮಾತ್ರ. ಇಡೀ ಬದಿಯಡ್ಕ ನೋಡಿದ್ರೂ ಅವರ ಪುಸ್ತಕದಲ್ಲಿ ಇಲ್ಲಿ ತುಳು ಕನ್ನಡಕ್ಕೆ ಜನ ಇಲ್ಲ ಅಂತಲೇ ಇರ್ತದೆ, ಮತ್ತೆ ಯಾಕೆ ಶೋ ಕೊಡ್ತಾರೆ?

ಆದಿತ್ಯವಾರ ಅಮ್ಮನನ್ನೂ ಆ ಮಾವನ ಮಗನನ್ನೂ ಕರ್ಕೊಂಡು ಮಂಗಳೂರಿಗೆ ಹೋಗಿ ಅದೇ ಸಿನಿಮಾ ನೋಡಿ ಬಂದೆವು. ಬರುವಾಗ ಬಸ್ಸಲ್ಲಿ ಅವನೇ ಗ್ರೂಪಿಂದ ಲಿಂಕ್ ಡಿಲೀಟ್ ಮಾಡಿದ. ಕುಂಬಳೆ, ಉಪ್ಪಳ, ಬದಿಯಡ್ಕ ಕಡೆಯವರು ಒಂದು ನೂರು ಜನ ಟಿಕೆಟ್ ತೆಗೀತೇವೆ ಅಂತ ಹೇಳಿದ್ರೆ, ಕಾಸರಗೋಡಲ್ಲಿ ಒಂದು ಶೋ ಹಾಕ್ಸ್ಲಿಕ್ಕೆ ಥಿಯೇಟರಿನವರ ಹತ್ರ ನಾನೇ ಹೋಗಿ ಮಾತಾಡ್ತೇನೆ.