‘ದಿ ಬ್ಯಾಟಲ್ ಆಫ್ ಆಲ್ಜಿಯರ್ಸ್’ ಎಷ್ಟು ನಿಜ, ಎಷ್ಟು ಪ್ರಚಾರ?

ಸ್ವಾತಂತ್ರ್ಯ ಹೋರಾಟದ ಯುದ್ಧದ ಸಿನಿಮಾ ಒಂದೇ ಒಂದು ನೋಡೋದಾದರೆ ಯಾವುದು ಅಂತ ಯಾರಾದರೂ ಕೇಳಿದರೆ ನಾನು ಹೇಳುವ ಹೆಸರು ‘ದಿ ಬ್ಯಾಟಲ್ ಆಫ್ ಆಲ್ಜಿಯರ್ಸ್’. ನೋಡಿದವರು ವಾಪಸ್ ಬಂದು ಕೇಳುವ ಪ್ರಶ್ನೆಯೂ ಹೆಚ್ಚುಕಡಿಮೆ ಒಂದೇ. ಇದು ಡಾಕ್ಯುಮೆಂಟರಿನಾ? ಅಲ್ಲ ಅಂದರೆ ಇದರಲ್ಲಿ ನಿಜ ಎಷ್ಟು, ಪ್ರಚಾರ ಎಷ್ಟು? ವಾಟ್ಸಾಪ್‌ನಲ್ಲಿ ಪ್ರತಿಸಲ ಅರ್ಧಂಬರ್ಧ ಉತ್ತರ ಕೊಟ್ಟು ಸಾಕಾಗಿದೆ. ಇಲ್ಲಿ ಪೂರ್ತಿ ಬರೆದುಬಿಡುತ್ತೇನೆ.

ನೋಡದವರಿಗೆ ಎರಡು ಮಾತು. ಅಲ್ಜೀರಿಯಾ 1830ರಿಂದ ಫ್ರೆಂಚರ ಕೈಯಲ್ಲಿತ್ತು. 1954ರ ನವೆಂಬರ್ 1ರಂದು ಎಫ್‌ಎಲ್‌ಎನ್ ಅನ್ನುವ ಸಂಘಟನೆ ಯುದ್ಧ ಶುರು ಮಾಡಿತು, 1962ರಲ್ಲಿ ಸ್ವಾತಂತ್ರ್ಯ ಬಂತು. ಈ ಸಿನಿಮಾ ಅದರ ಮಧ್ಯದ ಒಂದು ತುಂಡು. ರಾಜಧಾನಿ ಆಲ್ಜಿಯರ್ಸ್‌ನ ಹಳೇ ಊರು ಕಸ್ಬಾದಲ್ಲಿ 1956-57ರಲ್ಲಿ ನಡೆದ ಕಾದಾಟ ಇದರ ಕಥೆ. ತೆಗೆದವನು ಇಟಲಿಯ ಜಿಲ್ಲೊ ಪಾಂಟೆಕೊರ್ವೊ. 1966ರಲ್ಲಿ ವೆನಿಸ್‌ನಲ್ಲಿ ಗೋಲ್ಡನ್ ಲಯನ್ ಬಂತು. ಫ್ರಾನ್ಸ್‌ನಲ್ಲಿ ಮಾತ್ರ ಹಲವು ವರ್ಷ ತೋರಿಸಲೇ ಇಲ್ಲ.

ಡಾಕ್ಯುಮೆಂಟರಿ ಅಲ್ಲ. ಇದರಲ್ಲಿ ಒಂದಡಿ ನ್ಯೂಸ್‌ರೀಲ್ ಕೂಡ ಇಲ್ಲ, ಅಮೆರಿಕದಲ್ಲಿ ಬಿಡುಗಡೆಯಾದಾಗ ಅದನ್ನು ಪರದೆಯ ಮೇಲೆ ಬರೆದೇ ಹೇಳಬೇಕಾಯಿತು. ಕಪ್ಪು-ಬಿಳುಪಿನ ಆ ಒರಟು, ಕಾಳುಕಾಳು ಚಿತ್ರ ಬೇಕಂತಲೇ ಮಾಡಿದ್ದು. ಕ್ಯಾಮೆರಾಮನ್ ಮಾರ್ಚೆಲ್ಲೊ ಗಾತ್ತಿ ಮತ್ತು ಪಾಂಟೆಕೊರ್ವೊ ಇಬ್ಬರೂ ಸೇರಿ ನೆಗೆಟಿವ್‌ನಿಂದ ಮತ್ತೆ ನೆಗೆಟಿವ್ ನಕಲು ತೆಗೆಸಿ, ಟಿವಿ ವಾರ್ತೆಯಲ್ಲಿ ಕಾಣುವ ಹಾಗೆ ಕೆಡಿಸಿದರು. ನಟರಲ್ಲಿ ಪೂರ್ತಿ ವೃತ್ತಿಪರ ಅಂದರೆ ಫ್ರೆಂಚ್ ಸೈನ್ಯದ ಕರ್ನಲ್ ಮತ್ಯೂ ಪಾತ್ರದ ಜ್ಯಾಂ ಮಾರ್ತ್ಯಾಂ ಒಬ್ಬನೇ. ಅವನೂ ಈ ಯುದ್ಧದ ವಿರುದ್ಧ 1960ರಲ್ಲಿ ಹೊರಬಂದ ‘121 ಜನರ ಹೇಳಿಕೆ’ಗೆ ಸಹಿ ಹಾಕಿ ಕೆಲಸ ಕಳೆದುಕೊಂಡಿದ್ದವನು. ಉಳಿದವರಲ್ಲಿ ಬಹುಪಾಲು ಆಲ್ಜಿಯರ್ಸ್‌ನ ಬೀದಿಯ ಜನ.

ಇನ್ನು ನಿಜ ಎಷ್ಟು ಅನ್ನೋದು. ನನ್ನ ಉತ್ತರ ಇಷ್ಟು: ಕೆಲಸ ಹೇಗೆ ನಡೆಯಿತು ಅಂತ ತೋರಿಸುವಾಗ ಈ ಸಿನಿಮಾವನ್ನು ನಂಬಿ, ಆ ಕೆಲಸದಲ್ಲಿ ಯಾರ್ಯಾರು ಇದ್ದರು ಅಂತ ಹೇಳುವಾಗ ಅರ್ಧ ಮಾತ್ರ ನಂಬಿ.

ಮೊದಲು ಕೆಲಸದ ಮಾತು. ಸಿನಿಮಾದ ಹೆಸರಲ್ಲಿ ಯುದ್ಧ ಇದೆ, ಆದರೆ ಎರಡು ಸೈನ್ಯ ಎದುರುಬದುರು ನಿಲ್ಲೋದೇ ಇಲ್ಲ. ಇರೋದು ಚೆಕ್‌ಪೋಸ್ಟ್, ಮುಳ್ಳುತಂತಿ, ಗುರುತಿನ ಚೀಟಿ, ಕಪ್ಪುಹಲಗೆ. ಮತ್ಯೂ ಆ ಹಲಗೆಯ ಮೇಲೆ ತ್ರಿಕೋನ ಬರೆದು ತನ್ನ ಅಧಿಕಾರಿಗಳಿಗೆ ವಿವರಿಸುತ್ತಾನೆ. ಎಫ್‌ಎಲ್‌ಎನ್‌ನ ಪ್ರತಿಯೊಬ್ಬನಿಗೂ ಗೊತ್ತಿರೋದು ಮೂವರು ಮಾತ್ರ, ತನ್ನನ್ನು ಆರಿಸಿದವನು ಒಬ್ಬ ಮತ್ತು ತಾನು ಆರಿಸಿದ ಇಬ್ಬರು. ಹಾಗಾಗಿ ಒಬ್ಬನನ್ನು ಹಿಡಿದರೆ ಮುಂದಿನ ಹೆಸರು ಬೇಗ ಬೇಕು, ಇಲ್ಲದಿದ್ದರೆ ಅಷ್ಟರಲ್ಲಿ ಉಳಿದವರು ಜಾಗ ಬದಲಾಯಿಸಿರುತ್ತಾರೆ. ಬೇಗ ಹೆಸರು ಬೇಕಾದರೆ ಏನು ಮಾಡಬೇಕು? ಆ ಪ್ರಶ್ನೆಗೆ ಸಿನಿಮಾ ಉತ್ತರ ತೋರಿಸುತ್ತದೆ. ನೀರು, ಕರೆಂಟು, ಬೆಂಕಿ. ಇದರಲ್ಲಿ ಉತ್ಪ್ರೇಕ್ಷೆ ಇಲ್ಲ. 1957ರ ಜನವರಿಯಲ್ಲಿ ಫ್ರೆಂಚ್ ಸೈನ್ಯದ ಜನರಲ್ ಮಸ್ಸು ಮತ್ತವನ 10ನೇ ಪ್ಯಾರಾಶೂಟ್ ಡಿವಿಷನ್‌ಗೆ ಪೊಲೀಸ್ ಅಧಿಕಾರ ಕೊಟ್ಟರು. ಅದೇ ಊರಿನ ಪೊಲೀಸ್ ಆಡಳಿತದಲ್ಲಿ ಹಿರಿಯ ಅಧಿಕಾರಿಯಾಗಿದ್ದ ಪಾಲ್ ತೆಜಾಂ ಫ್ರೆಂಚನೇ, ನಾಜಿ ಶಿಬಿರದಿಂದ ಬದುಕಿ ಬಂದವನು. ಬಂಧನದಲ್ಲಿ ಕಾಣೆಯಾದವರ ಲೆಕ್ಕ ಇಟ್ಟು 3,024 ಅನ್ನುವ ಸಂಖ್ಯೆ ಕೊಟ್ಟ, ಅದೇ ವರ್ಷ ರಾಜೀನಾಮೆಯನ್ನೂ ಕೊಟ್ಟ. ಸಿನಿಮಾದಲ್ಲಿ ಬರುವ ಎಫ್‌ಎಲ್‌ಎನ್ ಮುಖಂಡ ಲಾರ್ಬಿ ಬೆನ್ ಮ್ಹಿದಿ ಸೆರೆಯಲ್ಲಿ ಆತ್ಮಹತ್ಯೆ ಮಾಡಿಕೊಂಡ ಅಂತ ಆಗ ಸೈನ್ಯ ಹೇಳಿತ್ತು. ಕೊಂದದ್ದು ನಾವೇ ಅಂತ ಜನರಲ್ ಒಸಾರೆಸ್ 2001ರಲ್ಲಿ ಒಪ್ಪಿಕೊಂಡ.

ಇನ್ನೊಂದು ಕಡೆಯ ಕೆಲಸವನ್ನೂ ಸಿನಿಮಾ ಅಷ್ಟೇ ತಣ್ಣಗೆ ತೋರಿಸುತ್ತದೆ, ಅದಕ್ಕೇ ನಾನು ಇದನ್ನು ಬರೀ ಪ್ರಚಾರ ಅನ್ನೋದಿಲ್ಲ. 1956ರ ಆಗಸ್ಟ್‌ನಲ್ಲಿ ಕಸ್ಬಾದ ಒಂದು ಬೀದಿಯಲ್ಲಿ ಯುರೋಪಿಯನ್ನರು ರಾತ್ರಿ ಬಾಂಬ್ ಇಟ್ಟು ಮನೆಗಳನ್ನು ಉರುಳಿಸಿದರು. ಅದಕ್ಕೆ ಸೇಡಾಗಿ ಸೆಪ್ಟೆಂಬರ್ 30ರಂದು ಕಸ್ಬಾದ ಎಫ್‌ಎಲ್‌ಎನ್ ಹೆಂಗಸರು ಯುರೋಪಿಯನ್ ಉಡುಪು ತೊಟ್ಟು ಚೆಕ್‌ಪೋಸ್ಟ್ ದಾಟಿ ಮಿಲ್ಕ್ ಬಾರ್‌ನಲ್ಲಿ, ಇನ್ನೊಂದು ಕೆಫೆಯಲ್ಲಿ ಬಾಂಬ್ ಇಟ್ಟರು. ಸಿಡಿಯುವ ಮುಂಚೆ ಕ್ಯಾಮೆರಾ ಅಲ್ಲಿ ಕೂತವರ ಮುಖಗಳ ಮೇಲೆ ಓಡಾಡುತ್ತದೆ. ಐಸ್‌ಕ್ರೀಮ್ ತಿನ್ನುವ ಮಗು, ಕುಣಿಯುವ ಹುಡುಗ ಹುಡುಗಿಯರು. ಬಾಂಬ್ ಇಡುವವಳೂ ಅದೇ ಮುಖಗಳನ್ನು ನೋಡುತ್ತಾಳೆ, ನೋಡಿಯೂ ಇಟ್ಟು ಎದ್ದು ಹೋಗುತ್ತಾಳೆ. ಎರಡೂ ಕಡೆಯ ಹೆಣ ಎತ್ತುವಾಗ ಹಿನ್ನೆಲೆಗೆ ಒಂದೇ ಸಂಗೀತ. ಸುಮ್ನೆ ಜೈಕಾರ ಹಾಕಿಸಬೇಕು ಅನ್ನುವವನು ಇಷ್ಟು ಕಷ್ಟ ಪಡಲ್ಲ, ಅಲ್ವಾ?

ನಮ್ಮ ಕಣ್ಣಿಗೆ ಜಾಸ್ತಿ ಕಾಡಬೇಕಾದದ್ದು ಮೊದಲ ದೃಶ್ಯ ಅಂತ ನನಗನಿಸುತ್ತದೆ. ಸಂಗೊಳ್ಳಿ ರಾಯಣ್ಣನ ಕಥೆ ಕೇಳಿ ಬೆಳೆದವರು ನಾವು. ಲಾವಣಿಯಲ್ಲಾಗಲಿ, 2012ರ ಸಿನಿಮಾದಲ್ಲಾಗಲಿ, ರಾಯಣ್ಣನನ್ನು ಹಿಡಿದುಕೊಟ್ಟವರನ್ನು ನೋಡಿದರೆ ರಕ್ತ ಕುದಿಯುತ್ತದೆ. ಈ ಸಿನಿಮಾ ಶುರುವಾಗೋದೇ ಹಿಡಿದುಕೊಟ್ಟವನಿಂದ. ಬಡಕಲು ಮನುಷ್ಯ, ಮೈಮೇಲೆ ಬಟ್ಟೆ ಇಲ್ಲ, ಚಿತ್ರಹಿಂಸೆ ಆಗಷ್ಟೇ ಮುಗಿದಿದೆ, ಬಾಯಿ ಬಿಟ್ಟಾಗಿದೆ. ಸೈನಿಕರು ಕಾಫಿ ಕೊಡುತ್ತಾರೆ, ಬೆನ್ನು ತಟ್ಟುತ್ತಾರೆ, ತಮ್ಮದೇ ಯೂನಿಫಾರ್ಮ್ ತೊಡಿಸುತ್ತಾರೆ. ಅವನು ಅಳುತ್ತಾನೆ. ಇವನನ್ನು ದ್ರೋಹಿ ಅಂತ ಬೈಯೋಕೆ ನನಗೆ ಬಾಯಿ ಬರಲ್ಲ. ದ್ರೋಹ ಅನ್ನೋದು ಬರೀ ದುರಾಸೆಯಿಂದ ಹುಟ್ಟಲ್ಲ, ಅದನ್ನೂ ಒಂದು ಕೋಣೆಯಲ್ಲಿ, ಶಿಫ್ಟ್ ಹಾಕಿಕೊಂಡು ತಯಾರು ಮಾಡುತ್ತಾರೆ ಅಂತ ತೋರಿಸಿದ ಬೇರೆ ವೀರಗಾಥೆ ನಾನು ನೋಡಿಲ್ಲ.

ಈಗ ಅರ್ಧ ಮಾತ್ರ ನಂಬಬೇಕಾದ ಭಾಗ. ಸಿನಿಮಾದಲ್ಲಿ ಜಾಫರ್ ಅನ್ನುವ ಎಫ್‌ಎಲ್‌ಎನ್ ಮುಖಂಡ ಇದ್ದಾನಲ್ಲ, ಆ ಪಾತ್ರ ಮಾಡಿದವನು ಯಾಸೆಫ್ ಸಾದಿ. ಅವನೇ ಆ ಕಾಲದಲ್ಲಿ ಕಸ್ಬಾದ ನಿಜವಾದ ಮುಖಂಡ. 1957ರ ಸೆಪ್ಟೆಂಬರ್‌ನಲ್ಲಿ ಸಿಕ್ಕಿಬಿದ್ದು, ಜೈಲಲ್ಲಿ ನೆನಪುಗಳನ್ನು ಬರೆದ. ಸ್ವಾತಂತ್ರ್ಯ ಬಂದ ಮೇಲೆ ಕಸ್ಬಾ ಫಿಲ್ಮ್ಸ್ ಕಟ್ಟಿ ಈ ಸಿನಿಮಾದ ನಿರ್ಮಾಪಕನೂ ಆದ. ಅಂದರೆ ಕಥೆ ಅವನದು, ದುಡ್ಡು ಹೊಂದಿಸಿದ್ದರಲ್ಲಿ ಅವನ ಪಾಲಿದೆ, ಪಾತ್ರವೂ ಅವನದೇ. ಇಷ್ಟೆಲ್ಲ ಇದ್ದೂ ತನ್ನನ್ನು ದೇವರ ಹಾಗೆ ತೋರಿಸಿಕೊಂಡಿಲ್ಲ, ಅದು ದೊಡ್ಡದೇ. ಆದರೆ ಯಾರನ್ನು ಬಿಟ್ಟಿದ್ದಾರೆ ನೋಡಿ. ಬೆನ್ ಮ್ಹಿದಿ ಜೊತೆ ಆಲ್ಜಿಯರ್ಸ್‌ನ ಹೋರಾಟವನ್ನು ರೂಪಿಸಿದ ಅಬಾನ್ ರಮ್ದಾನ್ ಸಿನಿಮಾದಲ್ಲಿ ಇಲ್ಲವೇ ಇಲ್ಲ. 1957ರ ಡಿಸೆಂಬರ್‌ನಲ್ಲಿ ಅವನನ್ನು ಮೊರಾಕ್ಕೊದಲ್ಲಿ ಕೊಂದವರು ಅವನ ಎಫ್‌ಎಲ್‌ಎನ್ ಜೊತೆಗಾರರೇ. ಮೆಸ್ಸಾಲಿ ಹಾಜ್‌ನ ಎಂಎನ್‌ಎ ಅನ್ನುವ ಇನ್ನೊಂದು ಸ್ವಾತಂತ್ರ್ಯ ಪಕ್ಷ ಇತ್ತು, ಅದರ ಸುದ್ದಿಯೂ ಇಲ್ಲ. ಆ ಪಕ್ಷಕ್ಕೆ ಒಲಿದಿದ್ದ ಮೆಲೂಜಾ ಕಡೆಯ ಹಳ್ಳಿಯಲ್ಲಿ 1957ರ ಮೇ ತಿಂಗಳಲ್ಲಿ ಎಫ್‌ಎಲ್‌ಎನ್‌ನವರು ಸುಮಾರು 300 ಜನರನ್ನು ಕೊಂದರು. ಅದು ನಡೆದದ್ದೂ ಈ ಸಿನಿಮಾದ ಕಥೆ ನಡೆಯುವ ತಿಂಗಳುಗಳಲ್ಲೇ.

ಹೆಂಗಸರ ವಿಷಯದಲ್ಲೂ ನನಗೆ ತಕರಾರಿದೆ. ಕನ್ನಡಿ ಮುಂದೆ ಕೂದಲು ಕತ್ತರಿಸಿಕೊಳ್ಳುವ ದೃಶ್ಯ ಯಾರೂ ಮರೆಯಲ್ಲ, ಆದರೆ ಅಲ್ಲಿ ಇರೋದು ಡ್ರಮ್ಮಿನ ಸದ್ದು ಮಾತ್ರ, ಅವರಿಗೆ ಮಾತೇ ಇಲ್ಲ. ನಿಜದಲ್ಲಿ ಅವರಲ್ಲೊಬ್ಬಳು ಜೋಹ್ರಾ ದ್ರಿಫ್, ಕಾನೂನು ಓದುತ್ತಿದ್ದವಳು, ಆಮೇಲೆ ವಕೀಲೆಯಾಗಿ ಸೆನೆಟರ್ ಕೂಡ ಆದಳು. ಎಫ್‌ಎಲ್‌ಎನ್‌ನ ಇನ್ನೊಬ್ಬ ಹೋರಾಟಗಾರ್ತಿ ಜಮೀಲಾ ಬೂಹಿರದ್‌ಗೆ ಮರಣದಂಡನೆ ವಿಧಿಸಿದಾಗ ಜಗತ್ತಿನಾದ್ಯಂತ ಪ್ರತಿಭಟನೆ ಆಗಿತ್ತು. ಇಷ್ಟು ಮಾತಾಡಬಲ್ಲವರನ್ನು ಸಿನಿಮಾ ಮೂಕರನ್ನಾಗಿ ಮಾಡಿದೆ.

ಇನ್ನು ಕೊನೆ. 1957ರ ಅಕ್ಟೋಬರ್ 8ರಂದು, ಸಿನಿಮಾದ ಮುಖ್ಯ ಪಾತ್ರವಾದ ಎಫ್‌ಎಲ್‌ಎನ್ ಹೋರಾಟಗಾರ ಅಲಿ ಲಾ ಪ್ವಾಂತ್ ಅಡಗಿದ್ದ ಮನೆಯನ್ನು ಫ್ರೆಂಚ್ ಸೈನಿಕರು ಸ್ಫೋಟಿಸಿದರು. ಸೈನ್ಯ ಗೆದ್ದಿತು. ತಕ್ಷಣ ಸಿನಿಮಾ 1960ರ ಡಿಸೆಂಬರ್‌ಗೆ ಹಾರುತ್ತದೆ, ಬೀದಿ ತುಂಬ ಜನ, ಬಾವುಟ, ಹೆಂಗಸರ ಕೂಗು. ಮಧ್ಯದ ಮೂರು ವರ್ಷ ಏನಾಯ್ತು? ಯುದ್ಧದ ಬಹುಪಾಲು ನಡೆದದ್ದು ಗುಡ್ಡಗಾಡಿನಲ್ಲಿ, ಹಳ್ಳಿಗಳಲ್ಲಿ. ಲಕ್ಷಾಂತರ ಹಳ್ಳಿಗರನ್ನು ಮನೆಯಿಂದ ಎಬ್ಬಿಸಿ ಕ್ಯಾಂಪ್‌ಗಳಿಗೆ ತುಂಬಿದರು. ಫ್ರಾನ್ಸ್‌ನಲ್ಲಿ 1958ರಲ್ಲಿ ಸರ್ಕಾರವೇ ಉರುಳಿ ದ ಗಾಲ್ ಬಂದ. ಇದ್ಯಾವುದೂ ಸಿನಿಮಾದಲ್ಲಿ ಇಲ್ಲ. 2003ರ ಆಗಸ್ಟ್‌ನಲ್ಲಿ ಇರಾಕ್ ಕೈಮೀರುತ್ತಿದ್ದಾಗ ಅಮೆರಿಕದ ಪೆಂಟಗನ್‌ನಲ್ಲಿ ಇದನ್ನು ಹಾಕಿ ನೋಡಿದರು. ಕಾದಾಟ ಗೆದ್ದೂ ಯುದ್ಧ ಸೋಲೋದು ಹೇಗೆ ಅಂತ ತಿಳಿಯೋಕೆ. ಸೋಲು ಬಂದ ಆ ಮೂರು ವರ್ಷವನ್ನೇ ಹಾರಿಸಿದ ಸಿನಿಮಾದಿಂದ ಅದನ್ನು ಹೇಗೆ ಕಲಿಯುತ್ತಾರೋ, ಅವರಿಗೇ ಗೊತ್ತು.

ಹಾಗಾಗಿ ಇದನ್ನು ನೋಡಿದ ಮೇಲೆ ಇನ್ನೊಂದು ನೋಡಿ ಅಂತ ನಾನು ಹೇಳೋದು. ಮೊಹಮ್ಮದ್ ಲಖ್ದರ್-ಹಮೀನಾ ಅವರ ‘ಕ್ರಾನಿಕಲ್ ಆಫ್ ದಿ ಇಯರ್ಸ್ ಆಫ್ ಫೈರ್’, 1975ರಲ್ಲಿ ಕಾನ್‌ನಲ್ಲಿ ಪಾಮ್ ದೋರ್ ಗೆದ್ದ ಅಲ್ಜೀರಿಯಾದ್ದೇ ಸಿನಿಮಾ. ಅದರಲ್ಲಿ ಕಥೆ ಹಳ್ಳಿಯ ಬರದಿಂದ ಶುರುವಾಗಿ 1954ಕ್ಕೆ ಬಂದು ನಿಲ್ಲುತ್ತದೆ. ಉದ್ದ ಜಾಸ್ತಿ, ಸುಮಾರು ಮೂರು ಗಂಟೆ, ರಜಾ ದಿನ ಇಟ್ಟುಕೊಳ್ಳಿ. ಮತ್ತೆ ಎರಡನ್ನೂ ಇಂಗ್ಲಿಷ್ ಡಬ್ಬಿಂಗ್‌ನಲ್ಲಿ ನೋಡಬೇಡಿ ಮಾರಾಯ್ರೆ. ಯಾರು ಅರಬ್ಬಿ ಮಾತಾಡುತ್ತಾರೆ, ಯಾರು ಫ್ರೆಂಚ್ ಮಾತಾಡುತ್ತಾರೆ ಅನ್ನೋದು ಕಿವಿಗೆ ಬೀಳದಿದ್ದರೆ ಚೆಕ್‌ಪೋಸ್ಟಿನ ದೃಶ್ಯಗಳಲ್ಲಿ ಅರ್ಧ ತಪ್ಪಿಹೋಗುತ್ತದೆ.