ಮೋಹಿನಿಯ ಕೈ

12 ಜನವರಿ 2025, ಭಾನುವಾರ

ಬೆಳಿಗ್ಗೆಯಿಂದ, ಭಾರತದ ಮೊದಲ ಸಿನಿಮಾ ನಟಿಯರಲ್ಲಿ ಒಬ್ಬರಾದ ಕಮಲಾಬಾಯಿ ಗೋಖಲೆಯವರ ಬಗ್ಗೆ ಟಿಪ್ಪಣಿ ಮಾಡಿಕೊಳ್ಳುತ್ತ ಕುಳಿತಿದ್ದೇನೆ. 1913ರಲ್ಲಿ ದಾದಾಸಾಹೇಬ್ ಫಾಲ್ಕೆಯವರು ‘ರಾಜಾ ಹರಿಶ್ಚಂದ್ರ’ ತೆಗೆದಾಗ ನಟಿಸಲು ಹೆಂಗಸರು ಸಿಗದೆ, ಹೋಟೆಲಿನಲ್ಲಿ ಅಡುಗೆಗಿದ್ದ ಅಣ್ಣಾ ಸಾಳುಂಕೆ ತಾರಾಮತಿಯ ವೇಷ ಕಟ್ಟಿದ ಸಂಗತಿ ಎಲ್ಲರಿಗೂ ಗೊತ್ತು. ಅದರ ಮುಂದಿನ ಸಂಗತಿ ಅಷ್ಟಾಗಿ ಯಾರ ಬಾಯಲ್ಲೂ ಇಲ್ಲ. ಫಾಲ್ಕೆಯವರ ಮುಂದಿನ ಚಿತ್ರ ‘ಮೋಹಿನಿ ಭಸ್ಮಾಸುರ’ದಲ್ಲಿ ನಾಟಕ ಕಂಪನಿಯ ನಟಿ ದುರ್ಗಾಬಾಯಿ ಕಾಮತ್ ಪಾರ್ವತಿಯಾದರು, ಅವರ ಮಗಳು, 13ರ ಆಸುಪಾಸಿನ ಕಮಲಾ, ಮೋಹಿನಿಯಾದಳು.

ತಾಯಿಯನ್ನು ಬಿಟ್ಟು ಮಗಳ ಕಥೆ ಹೇಳಲು ನನಗೆ ಮನಸ್ಸು ಬರುವುದಿಲ್ಲ. ರಂಗದ ಮೇಲೆ ಸೀತೆ, ಶಕುಂತಲೆಯರಿಗೂ ಗಂಡಸರೇ ಸೀರೆ ಉಡುತ್ತಿದ್ದ ಕಾಲದಲ್ಲಿ, ಗಂಡನಿಂದ ಬೇರಾಗಿ, ಮಗುವನ್ನು ಕಟ್ಟಿಕೊಂಡು ಕಂಪನಿಯ ಜೊತೆ ಊರೂರು ತಿರುಗಲು ಹೊರಟ ಆ ಹೆಂಗಸಿಗೆ ಎಂಥ ಎದೆಗಾರಿಕೆ ಇದ್ದಿರಬೇಕು! ಮಗಳು ಶಾಲೆಗೆ ಹೋಗುವ ವಯಸ್ಸಿಗೆ ಮುಂಚೆಯೇ ಮುಖಕ್ಕೆ ಬಣ್ಣ ಹಚ್ಚಿದ್ದಳು.

ನನ್ನನ್ನು ಹಿಡಿದು ನಿಲ್ಲಿಸಿದ್ದು ಮೋಹಿನಿಯ ಪಾತ್ರ. ಮರಾಠಿ ಸಂಗೀತ ನಾಟಕದಲ್ಲಿ ನಟಿಯ ಆಸ್ತಿಯೆಂದರೆ ಕಂಠ. ಕೊನೆಯ ಸಾಲಿನವನಿಗೂ ಕೇಳುವಂತೆ ಹಾಡಿದರೆ ಅರ್ಧ ನಾಟಕ ಗೆದ್ದಂತೆ. ಮೂಕಿಚಿತ್ರದ ಕ್ಯಾಮೆರಾ ಆ ಕಂಠವನ್ನು ಮೊದಲ ದಿನವೇ ಕಿತ್ತುಕೊಂಡಿತು. ಉಳಿದದ್ದು ಕಣ್ಣು, ಕೈ, ನಡಿಗೆ ಮಾತ್ರ. ಆದರೆ ಭಸ್ಮಾಸುರನ ಕಥೆಗೆ ಬೇಕಾದುದೂ ಅಷ್ಟೇ. ಮೋಹಿನಿ ಕುಣಿಯುತ್ತಾಳೆ, ಮರುಳಾದ ಅಸುರ ಹೆಜ್ಜೆಗೆ ಹೆಜ್ಜೆ ಹಾಕುತ್ತಾನೆ, ಅವಳು ಮೆಲ್ಲನೆ ತನ್ನ ಅಂಗೈಯನ್ನು ನೆತ್ತಿಗೇರಿಸುತ್ತಾಳೆ, ಅವನೂ ಏರಿಸಿ ಬೂದಿಯಾಗುತ್ತಾನೆ. ಇಡೀ ಪುರಾಣವೇ ಒಂದು ಹಸ್ತದ ಚಲನೆಯಲ್ಲಿದೆ, ಅಲ್ಲಿ ಮಾತಿಗೆ ಕೆಲಸವೇ ಇಲ್ಲ. ನಮ್ಮ ಮೂಕ ಪರದೆಯ ಮೇಲೆ ಹೆಣ್ಣೊಬ್ಬಳನ್ನು ಮೊದಲ ಬಾರಿಗೆ ತರಲು ಇದಕ್ಕಿಂತ ಒಪ್ಪುವ ಕಥೆ ಇನ್ನೊಂದಿರಲಿಲ್ಲ ಎಂದೇ ನನಗನ್ನಿಸುತ್ತದೆ.

ಕಮಲಾಬಾಯಿ ಮುಂದೆ ರಂಗನಟ ರಘುನಾಥರಾವ್ ಗೋಖಲೆಯವರನ್ನು ಮದುವೆಯಾದರು. ಇಪ್ಪತ್ತರ ಹರೆಯದಲ್ಲೇ ವಿಧವೆಯಾದ ಅವರ ಹೆಗಲ ಮೇಲೆ ಬಿದ್ದದ್ದು ಮೂವರು ಗಂಡುಮಕ್ಕಳ ಹೊಣೆ. ಆ ಮಕ್ಕಳನ್ನು ಸಾಕಿದ್ದು ರಂಗದ ದುಡಿಮೆ. ಚಂದ್ರಕಾಂತ್ ನಟರಾದರು, ಲಾಲ್‌ಜಿ ಮತ್ತು ಸೂರ್ಯಕಾಂತ್ ತಬಲಾ ವಾದಕರಾದರು. ನಾವು ಹಿಂದಿ ಚಿತ್ರಗಳಲ್ಲಿ ಕಂಡ ವಿಕ್ರಮ್ ಗೋಖಲೆ ಚಂದ್ರಕಾಂತರ ಮಗ. ಮನೆಮಂದಿಯ ಹೆಸರು ಬಲ್ಲವರಿಗೂ ಅಜ್ಜಿಯ ಹೆಸರು ಹೊಳೆಯದಿರುವುದು ನನಗೆ ನಿಜಕ್ಕೂ ನೋವಿನ ವಿಷಯ.

ಸಿನಿಮಾಕ್ಕೆ ಮಾತು ಬಂದ ಮೇಲೂ ಅವರು ನಟಿಸಿದರು. 1980ರ ‘ಗೆಹ್ರಾಯಿ’ಯಲ್ಲಿಯೂ ಇದ್ದಾರೆ. ಕೈಯಿಂದ ತಿರುಗಿಸುವ ಕ್ಯಾಮೆರಾದ ಮುಂದೆ ಕುಣಿದ ಹುಡುಗಿ ಬಣ್ಣದ ಚಿತ್ರದ ಕಾಲಕ್ಕೆ 80ರ ಅಜ್ಜಿಯಾಗಿ ಬಂದಿದ್ದಳು. ಆ ಚಿತ್ರವನ್ನು ಈ ರಾತ್ರಿ, ಅವರು ಬರುವ ಭಾಗಗಳಿಗಾಗಿಯೇ, ಮತ್ತೊಮ್ಮೆ ನೋಡಬೇಕು.