ಐವತ್ತು ವರ್ಷದ ಗ್ಯಾಪ್

"ಅತ್ತೆ, 1959ರಲ್ಲಿ ಒಂದು ದೊಡ್ಡ ಸಿನಿಮಾ, ಆಮೇಲೆ 2012ರಲ್ಲಿ ಇದು. ನಡುವೆ ನಾನು ಹೆಸರು ಕೇಳಿದ್ದು ಒಂದೂ ಇಲ್ಲ. ಇಷ್ಟು ದೊಡ್ಡ ಗ್ಯಾಪ್ ಯಾಕೆ?"

ಭಾನುವಾರ ರಾತ್ರಿ ಫ್ರೆಂಚ್ ಸಿನಿಮಾ 'ಅಮೂರ್' ಮುಗಿದ ಮೇಲೆ, ಅದರ ಮುದಿ ನಾಯಕಿಯ ಬಗ್ಗೆ ಅಣ್ಣನ ಮಗಳು ಕೇಳಿದ್ದು ಇದು. ಕಂಪನಿಯೊಂದರಲ್ಲಿ ದಿನವಿಡೀ ಬೇರೆಯವರ ರೆಸ್ಯೂಮೆ ಓದುವ ಹುಡುಗಿ. ಒಳ್ಳೆಯವಳೇ, ಆದರೆ ಮನುಷ್ಯರನ್ನು ಇಸವಿಗಳಲ್ಲಿ ಅಳೆಯುವ ಚಟ ಹತ್ತಿಬಿಟ್ಟಿದೆ. "ಆಸ್ಕರಾದ್ರೂ ಬಂತಾ?" ಅಂದಳು. ಇಲ್ಲ ಅಂದೆ. "ಅಯ್ಯೋ ಪಾಪ!"

ಆ 'ಅಯ್ಯೋ ಪಾಪ' ವಾರವಿಡೀ ಕಿವಿಯಲ್ಲೇ ಇದೆ. ಯಾರಿಗೆ ಪಾಪ? ಆ ನಟಿ ಎಮ್ಯಾನುಯೆಲ್ ರಿವಾಗೆ?

ಸೈನ್‌ಬೋರ್ಡ್ ಬರೆಯುವವನ ಮಗಳು ಆಕೆ. ಊರಲ್ಲಿ ಬಟ್ಟೆ ಹೊಲಿಯುತ್ತಿದ್ದವಳು ಇಪ್ಪತ್ತಾರರ ವಯಸ್ಸಿಗೆ ನಟನೆ ಕಲಿಯಲು ಪ್ಯಾರಿಸ್ಸಿಗೆ ಹೊರಟಳು. ನಿರ್ದೇಶಕ ಅಲೆನ್ ರೆನೆ ಆಕೆಯನ್ನು ಆ 1959ರ ಸಿನಿಮಾ 'ಹಿರೋಶಿಮಾ ಮಾನ್ ಅಮೂರ್'ಗೆ ಆರಿಸಿಕೊಂಡಾಗ ಮೂವತ್ತು ದಾಟಿತ್ತು. ಶೂಟಿಂಗ್‌ಗೆಂದು ಹೋದವಳು ಬಿಡುವಿನಲ್ಲಿ ಕ್ಯಾಮೆರಾ ಹಿಡಿದು ಹಿರೋಶಿಮಾದ ಬೀದಿ, ಮಕ್ಕಳ ಫೋಟೊ ತೆಗೆದಳು. ಅವು ಪುಸ್ತಕವಾಗಿದ್ದು ಸುಮಾರು ಐವತ್ತು ವರ್ಷದ ಮೇಲೆ. 1962ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ಅತ್ಯುತ್ತಮ ನಟಿ ಪ್ರಶಸ್ತಿ. ಆಮೇಲೆ ನಾಟಕ, ಚಿಕ್ಕಪುಟ್ಟ ಪಾತ್ರ, ಕವಿತೆ. ಕೀಸ್ಲೋವ್‌ಸ್ಕಿಯ 'ಬ್ಲೂ' ಸಿನಿಮಾದಲ್ಲಿ ಮಗಳ ಗುರುತೇ ಸಿಗದ ಮುದಿ ತಾಯಿ. ಇದೆಲ್ಲ ನಮ್ಮ ಹುಡುಗಿಯ ಲೆಕ್ಕದಲ್ಲಿ ಖಾಲಿ ಜಾಗ!

ಖಾಲಿ ಜಾಗದಲ್ಲಿ ಏನು ನಡೆದಿತ್ತು ಎನ್ನುವುದಕ್ಕೆ 'ಅಮೂರ್'ನ ಅಡುಗೆಮನೆಯ ದೃಶ್ಯ ಸಾಕು. ಈ ವಾರ ಅದೊಂದನ್ನೇ ತಿರುತಿರುಗಿ ಹಾಕಿಕೊಂಡು ನೋಡಿದ್ದೇನೆ. ಬೆಳಗಿನ ತಿಂಡಿ ಹೊತ್ತು. ಮಾತಾಡುತ್ತಿದ್ದ ಹೆಂಡತಿ ಇದ್ದಕ್ಕಿದ್ದಂತೆ ಸ್ತಬ್ಧ. ಗಂಡ ಬಟ್ಟೆ ಒದ್ದೆ ಮಾಡಿ ಮುಖ, ಕತ್ತು ಒರೆಸುತ್ತಾನೆ. ಊಹೂಂ. ನಲ್ಲಿ ಬಿಟ್ಟಿದ್ದು ಬಿಟ್ಟ ಹಾಗೇ ಬಟ್ಟೆ ಬದಲಿಸಲು ಒಳಗೆ ಹೋಗುತ್ತಾನೆ. ಅಲ್ಲಿರುವಾಗ ನೀರಿನ ಸದ್ದು ನಿಲ್ಲುತ್ತದೆ. ವಾಪಸ್ ಬಂದರೆ ಆಕೆ ಮಾಮೂಲಿನಂತೆ ಕೂತಿದ್ದಾಳೆ, ನಲ್ಲಿ ಯಾಕೆ ನಿಲ್ಲಿಸಲಿಲ್ಲ ಅಂತ ಅವನಿಗೇ ದಬಾಯಿಸುತ್ತಾಳೆ! ಆಗಷ್ಟೇ ಏನಾಯಿತೆಂಬುದು ಆಕೆಗೆ ಚೂರೂ ನೆನಪಿಲ್ಲ. ಆಮೇಲೆ ಟೀ ಬಗ್ಗಿಸಲು ಹೋದರೆ ಅದು ಕಪ್ ಬಿಟ್ಟು ಪಕ್ಕಕ್ಕೆ ಬೀಳುತ್ತದೆ.

ಸ್ತಬ್ಧವಾದ ಆ ಮುಖದಲ್ಲಿ ರಿವಾ ಏನೂ 'ಮಾಡುವುದಿಲ್ಲ'. ಕಣ್ಣು ತೆರೆದೇ ಇದೆ, ಒಳಗೆ ಯಾರೂ ಇಲ್ಲ. ಬೇರೆ ಯಾರಾದರೂ ಆಗಿದ್ದರೆ ತುಟಿ ನಡುಗಿಸಿ ನಮ್ಮ ಕಣ್ಣೀರು ಕೀಳುತ್ತಿದ್ದರು. ಏನೂ ಮಾಡದಿರುವ ಈ ಧೈರ್ಯ, ಯಾರೂ ನೋಡದ ವರ್ಷಗಳಲ್ಲೂ ಕೆಲಸ ಬಿಡದವರಿಗೆ ಮಾತ್ರ ಬರುತ್ತದೆ ಅಂತ ನನಗೆ ಬಲವಾಗಿ ಅನಿಸುತ್ತದೆ. ಇದನ್ನು 'ಕಮ್‌ಬ್ಯಾಕ್' ಅಂದವರ ಮೇಲೂ ನನಗೆ ಸಿಟ್ಟೇ. ಹೋಗಿದ್ದರೆ ತಾನೇ ವಾಪಸ್ ಬರುವುದು?

ಆಸ್ಕರ್ ಸಮಾರಂಭ ನಡೆದದ್ದು 2013ರ ಫೆಬ್ರುವರಿ 24, ಆಕೆಗೆ ಎಂಬತ್ತಾರು ತುಂಬಿದ ದಿನ. ಪ್ರಶಸ್ತಿ ಹೋಗಿದ್ದು ಇಪ್ಪತ್ತೆರಡರ ಜೆನಿಫರ್ ಲಾರೆನ್ಸ್‌ಗೆ. ಬ್ರಿಟನ್ನಿನ ಬಾಫ್ಟಾ, ಫ್ರಾನ್ಸಿನ ಸೀಝರ್ ಪ್ರಶಸ್ತಿ ಎರಡೂ ಅಷ್ಟರಲ್ಲಾಗಲೇ ರಿವಾ ಕೈಸೇರಿದ್ದವು. ಮಾರನೇ ವರ್ಷ ಪ್ಯಾರಿಸ್ಸಿನಲ್ಲಿ ಮತ್ತೆ ರಂಗದ ಮೇಲಿದ್ದಳು, ಲೇಖಕಿ ಮಾರ್ಗರೆಟ್ ದ್ಯುರಾಸ್‌ಳ ನಾಟಕದಲ್ಲಿ. ಎಂಬತ್ತೇಳರಲ್ಲಿ ದಿನಾ ಸಂಜೆ ಮಾತು ನೆನಪಿಟ್ಟುಕೊಂಡು ಒಪ್ಪಿಸಬೇಕು. ಇದನ್ನೆಲ್ಲ ಫೋನ್‌ನಲ್ಲಿ ಹೇಳಿದರೆ ನಮ್ಮ ಹುಡುಗಿ, "ಸರಿ ಅತ್ತೆ, ಆದ್ರೆ ರೆಸ್ಯೂಮೆಯಲ್ಲಿ ಅದನ್ನೂ ಹಾಕ್ಬೇಕಿತ್ತು" ಅಂದಳು.